ಚಿಗುರಿದ್ದೆಲ್ಲ ಬೇರೂರಿದ್ದಲ್ಲ

ಶಿರಸಿ ಕಡೆಯ ಪರಿಚಿತರೊಬ್ಬರ ಬೆಟ್ಟದಲ್ಲಿ ಹಳೆಯ ಅಪ್ಪೆಮಿಡಿ ಮರವೊಂದಿತ್ತು. ಮಿಡಿ ಮುರಿದರೆ ಜೀರಿಗೆಯ ಘಮ ಬರುತ್ತಿದ್ದ ಮರ. ಊರಿನ ಏಳೆಂಟು ಮನೆಗಳ ಉಪ್ಪಿನಕಾಯಿ ಭರಣಿ ಅದರಿಂದಲೇ ತುಂಬುತ್ತಿತ್ತು. ಒಂದು ಜುಲೈ ತಿಂಗಳ ಗಾಳಿಮಳೆಗೆ ಅದು ಬುಡಸಮೇತ ಮಗುಚಿತು. ಮನೆಯವರು ಮರುದಿನವೇ 20 ಕಡ್ಡಿ ಕತ್ತರಿಸಿದರು. 14 ಕಡ್ಡಿಗಳ ಬುಡವನ್ನು ಒಂದೊಂದು ಆಲೂಗಡ್ಡೆಗೆ ಚುಚ್ಚಿ ಕುಂಡದಲ್ಲಿ ಹೂತು, ಮೇಲೆ ಪ್ಲಾಸ್ಟಿಕ್ ಚೀಲ ಮುಚ್ಚಿಟ್ಟರು. ಉಳಿದ 6 ಕಡ್ಡಿಗಳನ್ನು ಪಕ್ಕದ ಮನೆಯವರು ಕೇಳಿ ತೆಗೆದುಕೊಂಡು ಹೋದರು. ಮೂರನೆಯ ವಾರ ನನಗೆ ಫೋಟೊ ಬಂತು. ಒಂಬತ್ತು ಕಡ್ಡಿಗಳ ತುದಿಯಲ್ಲಿ ತಾಮ್ರವರ್ಣದ ಎಳೆ ಎಲೆಗಳು. ಕೆಳಗೆ, ‘ನೀವು ಸಂಶಯಪಟ್ಟಿರಿ, ನೋಡಿ’ ಎಂಬ ಮಾತು.

ಆಲೂಗಡ್ಡೆಯ ಉಪಾಯ ಅವರ ಸ್ವಂತದ್ದಲ್ಲ. ಓದಿ, ನೋಡಿ ಕಲಿತದ್ದು. ದಿನಪತ್ರಿಕೆಗಳ ಕೃಷಿ ಪುರವಣಿ, ಕೈತೋಟದ ಅಂಕಣ, ಪುಸ್ತಕ ಮೇಳಗಳಲ್ಲಿ ಸಿಗುವ ತೆಳ್ಳನೆಯ ಕೈಪಿಡಿ, ಇಲಾಖೆಗಳ ಕರಪತ್ರ, ಈಗ ಮೊಬೈಲ್ ಪರದೆಯ ಮೇಲೆ ಬರುವ ವಿಡಿಯೊ, ಹೀಗೆ ‘ಮನೆಯಲ್ಲೇ ಕಡ್ಡಿಯಿಂದ ಹಣ್ಣಿನ ಮರ’ ಎಂಬ ಬರಹ ನಮ್ಮಲ್ಲಿ ಹಲವು ರೂಪಗಳಲ್ಲಿ ಹರಿದಾಡುತ್ತದೆ. ಕಥೆ, ಕವಿತೆಗಳಿಗೆ ವಿಮರ್ಶೆ ಇದೆ. ಜನ ತಮ್ಮ ಅಂಗಳದಲ್ಲಿ ಮಾಡಿ ನೋಡಲೆಂದೇ ಬರೆದ ಇಂಥ ಬರಹಗಳಿಗೆ ಇಲ್ಲ. ಕೆಟ್ಟ ಕವಿತೆಯಿಂದ ಹಾಳಾಗುವುದು ಅರ್ಧ ಗಂಟೆ. ಕೆಟ್ಟ ಸೂಚನೆಯಿಂದ ಒಂದು ತಳಿಯೇ ಹೋಗಬಹುದು. ಆದ್ದರಿಂದ ಈ ಬರಹಗಳನ್ನು ಬರಹಗಳಾಗಿಯೇ ಇಟ್ಟುಕೊಂಡು ಪರಿಶೀಲಿಸುವುದು ಅಗತ್ಯವೆನಿಸುತ್ತದೆ.

ಮೊದಲ ಆಕ್ಷೇಪ, ಇವು ತಮ್ಮ ಕಥೆಯನ್ನು ಮುಗಿಸುವ ಜಾಗದ ಬಗ್ಗೆ. ಬಹುಪಾಲು ಬರಹಗಳು ಚಿಗುರಿನ ಚಿತ್ರದೊಂದಿಗೆ ಮುಗಿಯುತ್ತವೆ. ಆದರೆ ಚಿಗುರು ಬರಲು ಬೇರು ಬೇಕಿಲ್ಲ. ಕಾಂಡದ ತುಂಡಿನಲ್ಲಿ ಪಿಷ್ಟದ ರೂಪದಲ್ಲಿ ಆಹಾರ ಕೂಡಿಟ್ಟಿರುತ್ತದೆ, ನೀರೂ ಇರುತ್ತದೆ. ಮೊಗ್ಗು ಮೊದಲೇ ಸಿದ್ಧವಾಗಿ ಕುಳಿತಿರುತ್ತದೆ. ತುದಿ ಕತ್ತರಿಸಿದೊಡನೆ ಅಲ್ಲಿಯವರೆಗೆ ಅದನ್ನು ಅದುಮಿ ಹಿಡಿದಿದ್ದ ತುದಿಮೊಗ್ಗಿನ ಹಿಡಿತ ಸಡಿಲವಾಗುತ್ತದೆ. ಚೀಲದೊಳಗಿನ ತೇವದಲ್ಲಿ ಅದು ಬಿರಿಯುತ್ತದೆ, ಎಲೆ ಬಿಡಿಸುತ್ತದೆ. ಎಲೆ ಬಿಡಿಸಿದ ಮೇಲೆ ನೀರು ಹೊರಹೋಗುವುದು ಹೆಚ್ಚುತ್ತದೆ. ಒಳಗೆ ತರುವ ಬೇರು ಇಲ್ಲ. ಕೂಡಿಟ್ಟದ್ದು ಖರ್ಚಾದ ದಿನ ಎಲೆ ಜೋತು ಬೀಳುತ್ತದೆ. ಮಾವಿನ ಕಡ್ಡಿಯ ವಿಷಯದಲ್ಲಿ ಇದು ಸಾಮಾನ್ಯವಾಗಿ ನಾಲ್ಕರಿಂದ ಆರು ವಾರದ ಕಥೆ. ಛಾಯಾಚಿತ್ರ ತೆಗೆಯುವುದು ಮೂರನೆಯ ವಾರ.

ವಿಚಿತ್ರವೆಂದರೆ ನಮ್ಮ ಆಡುಮಾತಿನಲ್ಲಿ ಈ ಗೊಂದಲ ಇಲ್ಲ. ‘ಚಿಗುರಿತು’, ‘ಬೇರು ಬಿಟ್ಟಿತು’, ‘ಹಿಡಿಯಿತು’ ಎಂದು ಮೂರು ಬೇರೆ ಬೇರೆ ಮಾತುಗಳಿವೆ. ಹಿಪ್ಪುನೇರಳೆ ನೆಟ್ಟ ರೈತ ಕಡ್ಡಿ ಚಿಗುರಿದ ಮಾತ್ರಕ್ಕೆ ‘ಹಿಡಿಯಿತು’ ಎನ್ನುವುದಿಲ್ಲ. ಎರಡನೆಯ ಸಲ ಎಲೆ ಬಂದು, ಸ್ವಲ್ಪ ಎಳೆದರೂ ಅಲುಗದೆ ನಿಂತ ಮೇಲೆ ಹಾಗೆನ್ನುತ್ತಾನೆ. ಬರೆಯುವವರು ಮಾತ್ರ ಮೂರನ್ನೂ ‘ಗಿಡ ರೆಡಿ’ ಎಂಬ ಒಂದೇ ಮಾತಿಗೆ ಇಳಿಸಿದ್ದಾರೆ. ಭಾಷೆಯಲ್ಲಿ ಇದ್ದ ವಿವೇಚನೆಯನ್ನು ಬರಹ ಕಳೆದುಹಾಕಿದೆ.

ಎರಡನೆಯ ಆಕ್ಷೇಪ ಇನ್ನೂ ಮೂಲಭೂತವಾದದ್ದು. ಈ ಬರಹಗಳಿಗೆ ಎಲ್ಲ ಮರವೂ ಒಂದೇ. ದಾಸವಾಳಕ್ಕೆ, ನುಗ್ಗೆಗೆ, ಗುಲಾಬಿಗೆ ಹೇಳುವ ಕ್ರಮವನ್ನೇ ಮಾವಿಗೂ ಹಲಸಿಗೂ ಹೇಳುತ್ತಾರೆ. ಬೇಲಿಗೆ ಊರಿದ ಗೊಬ್ಬರದ ಗಿಡದ ಗೂಟ ಮಳೆಗಾಲದಲ್ಲಿ ತಾನಾಗಿ ಮರವಾಗುವುದನ್ನು ಕಂಡ ನಮಗೆ ಇದು ಸಹಜವೆಂದೇ ತೋರುತ್ತದೆ. ಆದರೆ ಕಾಂಡದಿಂದ ಬೇರು ಹುಟ್ಟುವುದು ಸಣ್ಣ ಸಂಗತಿಯಲ್ಲ. ಬೇರಾಗಬೇಕೆಂದು ಗೊತ್ತಾಗಿರದ ಜೀವಕೋಶಗಳು ತಮ್ಮ ಕೆಲಸ ಬಿಟ್ಟು, ಮತ್ತೆ ವಿಭಜನೆಗೆ ತೊಡಗಿ, ಬೇರಿನ ತುದಿಯೊಂದನ್ನು ಹೊಸದಾಗಿ ಕಟ್ಟಬೇಕು. ಹೀಗೆ ಅಸಹಜ ಸ್ಥಾನದಲ್ಲಿ ಹುಟ್ಟುವ ಬೇರನ್ನು ಸಸ್ಯವಿಜ್ಞಾನಿಗಳು ಆಗಂತುಕ ಬೇರು ಎನ್ನುತ್ತಾರೆ. ಇದು ಹುಟ್ಟುವುದು ಹೆಚ್ಚಾಗಿ ತೊಗಟೆಗೂ ಕಟ್ಟಿಗೆಗೂ ನಡುವೆ ಇರುವ ಕೇಂಬಿಯಮ್ ಪದರದ ಆಸುಪಾಸಿನಲ್ಲಿ. ವಿಲ್ಲೋದಂಥ ಕೆಲವು ಮರಗಳಲ್ಲಿ ಬೇರಿನ ಮೊಳಕೆಗಳು ಕಾಂಡದೊಳಗೆ ಮೊದಲೇ ತಯಾರಾಗಿ ಮಲಗಿರುತ್ತವೆ. ತೇವ ಸಿಕ್ಕರೆ ಸಾಕು. ದ್ರಾಕ್ಷಿ, ಅಂಜೂರ, ದಾಳಿಂಬೆ, ಹಿಪ್ಪುನೇರಳೆ, ಮಾದಳ ಇವು ಸುಲಭವಾಗಿ ಬೇರು ಕೊಡುವ ಗುಂಪಿಗೆ ಸೇರುತ್ತವೆ. ಸೀಬೆ ನಡುವಿನದ್ದು. ಮಾವು, ಹಲಸು, ಸಪೋಟ, ಹುಣಸೆ ಹಟಮಾರಿಗಳು.

ಹಟಕ್ಕೆ ಕಾರಣವೇನು? ಹಿಂದಿನ ಪುಸ್ತಕಗಳು ಕಾಂಡದೊಳಗಿನ ಗಟ್ಟಿ ನಾರಿನ ಬಳೆ ಬೇರು ಹೊರಬರದಂತೆ ತಡೆಯುತ್ತದೆ ಎಂದು ಹೇಳುತ್ತಿದ್ದವು. ನೋಡಲು ಸರಳವಾದ ವಿವರಣೆ. ಚಿತ್ರ ಬರೆದು ತೋರಿಸಲೂ ಸುಲಭ. ಆದರೆ ಬೇರು ಒಮ್ಮೆ ಹುಟ್ಟಿದರೆ ಬಳೆಯ ಸಂದಿನಲ್ಲೋ ಅದನ್ನು ಸುತ್ತಿಯೋ ಹೊರಬರುತ್ತದೆಂದು ಆಮೇಲೆ ಕಂಡುಬಂತು. ತೊಡಕು ಇರುವುದು ಹೊರಬರುವುದರಲ್ಲಲ್ಲ, ಹುಟ್ಟುವುದರಲ್ಲಿ. ಅದಕ್ಕೆ ಮರದ ವಯಸ್ಸೂ ಕಾರಣ. ಬೀಜದಿಂದ ಬಂದ ಎಳೆ ಸಸಿಯ ಕಡ್ಡಿ ಬೇರು ಕೊಡುವಷ್ಟು ಸುಲಭವಾಗಿ, ಹಣ್ಣು ಕೊಡುವ ವಯಸ್ಸಿಗೆ ಬಂದ ಅದೇ ಮರದ ಕಡ್ಡಿ ಕೊಡುವುದಿಲ್ಲ. ಮಾವಿನಂಥವುಗಳ ಬಗ್ಗೆ ಬರೆಯುವವರು ಇಲ್ಲೊಂದು ಚಮತ್ಕಾರ ಮಾಡುತ್ತಾರೆ, ಬಹುಶಃ ತಮಗೇ ಅರಿವಿಲ್ಲದೆ. ‘ಎಳೆಯ ಗಿಡದ ಕಡ್ಡಿ ತೆಗೆದುಕೊಳ್ಳಿ, ಬೇಗ ಬೇರು ಬರುತ್ತದೆ’ ಎಂದು ಒಂದು ಸಾಲು. ‘ಕಡ್ಡಿಯ ಗಿಡವಾದ್ದರಿಂದ ಮುಂದಿನ ವರ್ಷವೇ ಹಣ್ಣು’ ಎಂದು ಮತ್ತೊಂದು ಸಾಲು. ಇವೆರಡೂ ಒಟ್ಟಿಗೆ ನಿಜವಾಗಲಾರವು. ಬೇರು ಸುಲಭವಾಗಿ ಬರುವುದು ಗಿಡ ಇನ್ನೂ ಬಾಲ್ಯದಲ್ಲಿರುವುದರಿಂದ. ಬಾಲ್ಯದಲ್ಲಿರುವ ಗಿಡ ಹೂ ಬಿಡಲು ವರ್ಷಗಟ್ಟಲೆ ಕಾಯಿಸುತ್ತದೆ.

ಮಾವಿನ ಕಡ್ಡಿಗೆ ಬೇರು ಬರುವುದೇ ಇಲ್ಲವೆಂದು ನಾನು ಹೇಳುತ್ತಿಲ್ಲ. ನಮ್ಮ ದೇಶದಲ್ಲೇ ಪ್ರಯೋಗಗಳು ನಡೆದಿವೆ. ಗಿಡವನ್ನು ಬುಡಕ್ಕೆ ಕಡಿದು, ಹೊಸದಾಗಿ ಬರುವ ಚಿಗುರನ್ನು ಬೆಳಕು ತಾಗದಂತೆ ಮುಚ್ಚಿ ಬೆಳ್ಳಗೆ ಬೆಳೆಸಿ, ಬುಡದಲ್ಲಿ ತೊಗಟೆಯ ಉಂಗುರ ತೆಗೆದು, ಸಾಕಷ್ಟು ಪ್ರಬಲವಾದ ಹಾರ್ಮೋನು ಹಚ್ಚಿ ಬೇರು ಬರಿಸಿದ್ದಾರೆ. ಇಷ್ಟೆಲ್ಲ ಉಪಚಾರ ಬೇಡುವ ಮರವನ್ನು ಆಲೂಗಡ್ಡೆಯೊಂದು ಒಲಿಸಿಕೊಳ್ಳುತ್ತದೆ ಎನ್ನುವವರು ಕನಿಷ್ಠ ಒಂದು ಬೇರಿನ ಚಿತ್ರವನ್ನಾದರೂ ತೋರಿಸಬೇಡವೆ? ನಾನೂ ಒಮ್ಮೆ ಮಾವಿನ ಹತ್ತು ಕಡ್ಡಿಗಳನ್ನು ಹಾಗೆ ನೆಟ್ಟು ನೋಡಿದೆ. ಎರಡು ತಿಂಗಳ ಮೇಲೆ ಅಗೆದಾಗ ಕಡ್ಡಿಗಳ ಬುಡ ಕಪ್ಪಾಗಿತ್ತು. ಬೇರು ಬಿಟ್ಟದ್ದು ಮೂರು ಆಲೂಗಡ್ಡೆಗಳು.

ಇನ್ನು ‘ನೈಸರ್ಗಿಕ ಬೇರು ವರ್ಧಕ’ಗಳ ಅಧ್ಯಾಯ. ಜೇನುತುಪ್ಪ, ದಾಲ್ಚಿನ್ನಿ ಪುಡಿ, ಲೋಳೆಸರ, ಎಳನೀರು, ಸಗಣಿ ಇವು ಎಲ್ಲ ಬರಹಗಳಲ್ಲೂ ಬರುತ್ತವೆ. ಇವನ್ನು ಒಟ್ಟಾಗಿ ತಳ್ಳಿಹಾಕುವುದು ನ್ಯಾಯವಲ್ಲ, ಒಂದೊಂದಾಗಿ ನೋಡಬೇಕು. ಅದಕ್ಕೂ ಮೊದಲು ಬೇರು ಬರಿಸುವ ವಸ್ತು ಯಾವುದೆಂದು ತಿಳಿದಿರಬೇಕು.

ಕಡ್ಡಿಯ ಮೇಲೆ ಮೊಗ್ಗು ಇದ್ದರೆ ಬುಡದಲ್ಲಿ ಬೇರು ಚೆನ್ನಾಗಿ ಬರುತ್ತದೆ, ಮೊಗ್ಗು ಚಿವುಟಿದರೆ ಕಡಿಮೆಯಾಗುತ್ತದೆ ಎಂಬುದನ್ನು ಹಾಲೆಂಡಿನ ವಾನ್ ಡೆರ್ ಲೆಕ್ 1925ರಲ್ಲಿ ತೋರಿಸಿದ. ಅಂದರೆ ಮೇಲಿನಿಂದ ಏನೋ ಇಳಿದು ಬರುತ್ತಿದೆ. ಅದೇ ದೇಶದ ಫ್ರಿಟ್ಸ್ ವೆಂಟ್ 1928ರಲ್ಲಿ ಓಟ್ಸ್ ಮೊಳಕೆಯ ತುದಿಯಿಂದ ಬೆಳವಣಿಗೆಯ ವಸ್ತುವನ್ನು ಅಗರ್ ತುಂಡಿಗೆ ಇಳಿಸಿಕೊಂಡು ತೋರಿಸಿದ. ಅದಕ್ಕೆ ಆಕ್ಸಿನ್ ಎಂಬ ಹೆಸರು ಬಂತು. 1935ರಲ್ಲಿ ಥಿಮನ್ ಮತ್ತು ಕೋಪ್‌ಫ್ಲಿ ಬೇರು ಬರಿಸುವ ವಸ್ತು ಇದೇ ಎಂದು ತೋರಿಸಿದರು. ಅದೇ ವರ್ಷ ಅಮೆರಿಕದ ಬಾಯ್ಸ್ ಥಾಂಪ್ಸನ್ ಸಂಸ್ಥೆಯಲ್ಲಿ ಜಿಮ್ಮರ್‌ಮನ್ ಮತ್ತು ವಿಲ್ಕಾಕ್ಸನ್ ಇಂಡೋಲ್ ಬ್ಯುಟಿರಿಕ್ ಆಮ್ಲವೂ ಅದೇ ಕೆಲಸ ಮಾಡುತ್ತದೆಂದು ಕಂಡರು. ಇಂದು ನರ್ಸರಿಗಳಲ್ಲಿ ಬಳಸುವ ಐಬಿಎ ಇದೇ. ಗಿಡದಲ್ಲಿ ಹೆಚ್ಚಾಗಿ ಕಾಣುವ ಇಂಡೋಲ್ ಅಸೆಟಿಕ್ ಆಮ್ಲ ಬೆಳಕಿಗೆ, ಕಿಣ್ವಗಳಿಗೆ ಬೇಗ ನಾಶವಾಗುತ್ತದೆ. ಐಬಿಎ ಹೆಚ್ಚು ಕಾಲ ನಿಲ್ಲುತ್ತದೆ. ಅದರ ಜನಪ್ರಿಯತೆಗೆ ಇದೇ ಕಾರಣ.

ಈ ಹಿನ್ನೆಲೆಯಲ್ಲಿ ನೋಡಿದರೆ ಜೇನುತುಪ್ಪ, ದಾಲ್ಚಿನ್ನಿ ಎರಡಕ್ಕೂ ಸೂಕ್ಷ್ಮಜೀವಿಗಳನ್ನು ತಡೆಯುವ ಗುಣವಿದೆ. ಕೊಳೆತ ಸ್ವಲ್ಪ ತಡವಾಗಬಹುದು. ಸುಲಭವಾಗಿ ಬೇರು ಕೊಡುವ ಕಡ್ಡಿಗೆ ಅಷ್ಟು ಸಮಯ ಸಿಕ್ಕರೆ ಸಾಕಾಗಲೂಬಹುದು. ಆದರೆ ಅದನ್ನು ‘ಬೇರು ಹಾರ್ಮೋನು’ ಎಂದು ಕರೆಯುವುದು ತಪ್ಪು. ಲೋಳೆಸರ ಗಾಯವನ್ನು ಮುಚ್ಚಿ ತೇವ ಹಿಡಿದಿಡುತ್ತದೆ. ಎಳನೀರಿನದು ತಮಾಷೆಯ ಸಂಗತಿ. 1941ರಲ್ಲಿ ವಾನ್ ಓವರ್‌ಬೀಕ್ ಮತ್ತು ಸಂಗಡಿಗರು ತೆಂಗಿನಕಾಯಿಯ ನೀರನ್ನು ದತ್ತೂರಿಯ ಎಳೆ ಭ್ರೂಣಗಳಿಗೆ ಕೊಟ್ಟು ಬೆಳೆಸಿದ್ದು ಅಂಗಾಂಶ ಕೃಷಿಯ ಚರಿತ್ರೆಯಲ್ಲಿ ದೊಡ್ಡ ಹೆಜ್ಜೆ. ಮುಂದೆ ಅದರಲ್ಲಿ ಸೈಟೊಕೈನಿನ್ ವರ್ಗದ ಹಾರ್ಮೋನುಗಳಿರುವುದು ತಿಳಿಯಿತು. 1957ರಲ್ಲಿ ಸ್ಕೂಗ್ ಮತ್ತು ಮಿಲ್ಲರ್ ತಂಬಾಕಿನ ಅಂಗಾಂಶದಲ್ಲಿ ತೋರಿಸಿದ್ದೇನು? ಆಕ್ಸಿನ್ ಪಾಲು ಹೆಚ್ಚಿದ್ದರೆ ಬೇರು. ಸೈಟೊಕೈನಿನ್ ಪಾಲು ಹೆಚ್ಚಿದ್ದರೆ ಚಿಗುರು. ಬೇರಿಗೆಂದು ಎಳನೀರಲ್ಲಿ ಅದ್ದುವವರು ಚಿಗುರಿನ ಕಡೆಗೇ ತಕ್ಕಡಿ ವಾಲಿಸುತ್ತಿರಬಹುದು. ಎಳನೀರಿನಲ್ಲಿ ಆಕ್ಸಿನ್ ಕೂಡ ಸ್ವಲ್ಪ ಇದೆ ಎಂಬುದನ್ನೂ, ಕಾಯಿ ಬಲಿತಂತೆ ಪ್ರಮಾಣ ಬದಲಾಗುತ್ತದೆ ಎಂಬುದನ್ನೂ ಹೇಳಬೇಕು. ಆದ್ದರಿಂದಲೇ ಒಬ್ಬರಿಗೆ ಫಲ ಕೊಟ್ಟದ್ದು ಇನ್ನೊಬ್ಬರಿಗೆ ಕೊಡದಿರಬಹುದು. ‘ಎಳನೀರು ಅತ್ಯುತ್ತಮ’ ಎಂದು ಬರೆದು ಮುಂದೆ ಹೋಗುವವರಿಗೆ ಈ ಯಾವ ರಗಳೆಯೂ ಇಲ್ಲ.

ಸಗಣಿಯ ಮಾತು ಬಂದಾಗ ಲೇಖಕರು ಕೂಡಲೇ ವರಾಹಮಿಹಿರನನ್ನು ಕರೆತರುತ್ತಾರೆ. ಆರನೆಯ ಶತಮಾನದ ಬೃಹತ್ಸಂಹಿತೆಯ ವೃಕ್ಷಾಯುರ್ವೇದ ಅಧ್ಯಾಯದಲ್ಲಿ ಕಾಂಡದಿಂದ ಬೆಳೆಸಬಹುದಾದ ಗಿಡಗಳ ಪಟ್ಟಿ ಇರುವುದು ನಿಜ, ಸಗಣಿ ಬಳಿದು ನೆಡಬೇಕೆಂಬ ಸೂಚನೆಯೂ ನಿಜ. ಹಲಸು, ಅಶೋಕ, ಬಾಳೆ, ನೇರಳೆ, ಲಕುಚ, ದಾಳಿಂಬೆ, ದ್ರಾಕ್ಷಿ, ಪಾಲೀವತ, ಮಾದಳ, ಅತಿಮುಕ್ತಕ, ಹೀಗೆ ಹತ್ತು ಹೆಸರುಗಳು. ಮಾವು ಆ ಪಟ್ಟಿಯಲ್ಲಿ ಇಲ್ಲ. ‘ನಮ್ಮ ಪೂರ್ವಿಕರು ಎಲ್ಲ ಮರಗಳನ್ನೂ ಕಡ್ಡಿಯಿಂದಲೇ ಬೆಳೆಸುತ್ತಿದ್ದರು’ ಎಂದು ಬರೆಯುವವರು ಪಟ್ಟಿಯನ್ನು ಓದಿಲ್ಲ. ಇನ್ನೊಂದು ವಿಷಯ. ದ್ರಾಕ್ಷಿ, ದಾಳಿಂಬೆ, ಮಾದಳ ಇಂದಿಗೂ ಕಡ್ಡಿಗೆ ಒಲಿಯುತ್ತವೆ, ಹಲಸು ಒಲಿಯುವುದಿಲ್ಲ. ಹಾಗಾದರೆ ಪಟ್ಟಿಯಲ್ಲಿ ಹಲಸು ಹೇಗೆ ಬಂತು? ಅದರ ಬೆನ್ನಿಗೇ, ಬುಡ ಕಡಿದಲ್ಲಿ ಅಥವಾ ಕಾಂಡದ ಮೇಲೆ ನೆಡಬೇಕೆಂಬ ಮಾತು ಬರುತ್ತದೆ. ಇದು ಕಸಿ ಕಟ್ಟುವುದನ್ನೇ ಸೂಚಿಸುತ್ತದೆಂದು ಅನೇಕರು ಅರ್ಥ ಮಾಡಿದ್ದಾರೆ. ಹಲಸು ಬಂದದ್ದು ಆ ದಾರಿಯಿಂದ ಇರಬಹುದೆಂದು ನನ್ನ ಊಹೆ. ಹಳೆಯ ಗ್ರಂಥಕ್ಕೆ ಗೌರವ ತೋರಿಸುವ ಕ್ರಮ ಅದನ್ನು ಪೂರ್ತಿ ಓದುವುದು; ಹೆಸರು ಹೇಳಿ ಸಹಿ ಹಾಕಿಸಿಕೊಳ್ಳುವುದಲ್ಲ.

ಇಲಾಖೆ ಮತ್ತು ವಿಶ್ವವಿದ್ಯಾಲಯಗಳ ಕರಪತ್ರಗಳ ದೋಷ ಇದಕ್ಕೆ ತದ್ವಿರುದ್ಧ. ಅಲ್ಲಿ ಸುಳ್ಳಿಲ್ಲ, ಆದರೆ ಓದುಗನೂ ಇಲ್ಲ. ‘2000 ಪಿಪಿಎಂ ಐಬಿಎ ದ್ರಾವಣದಲ್ಲಿ ಉಪಚರಿಸಿ ಸೂಕ್ತ ಮಾಧ್ಯಮದಲ್ಲಿ ನಾಟಿ ಮಾಡುವುದು’ ಎಂದು ಒಂದೇ ವಾಕ್ಯ. ಪಿಪಿಎಂ ಎಂದರೆ ಹತ್ತು ಲಕ್ಷದಲ್ಲಿ ಒಂದು ಭಾಗ. 2000 ಎಂದರೆ ಲೀಟರಿಗೆ 2 ಗ್ರಾಂ, 100 ಮಿಲಿಲೀಟರಿಗೆ 200 ಮಿಲಿಗ್ರಾಂ. ಐಬಿಎ ನೀರಿನಲ್ಲಿ ಸುಲಭವಾಗಿ ಕರಗುವುದಿಲ್ಲ. ಮೊದಲು ಆಲ್ಕೊಹಾಲಿನಲ್ಲಿ ಕರಗಿಸಿ ಆಮೇಲೆ ನೀರು ಬೆರೆಸಬೇಕು. ಕಡ್ಡಿಯ ಬುಡವನ್ನು ಅದರಲ್ಲಿ ಅದ್ದಬೇಕಾದದ್ದು ಐದರಿಂದ ಹತ್ತು ಸೆಕೆಂಡು ಮಾತ್ರ. ರಾತ್ರಿಯೆಲ್ಲ ನೆನೆಹಾಕಿದರೆ ಬುಡ ಸುಟ್ಟಂತಾಗುತ್ತದೆ. ಈ ಮೂರು ಮಾತುಗಳಿಗೆ ಕರಪತ್ರದಲ್ಲಿ ಜಾಗ ಇರುವುದಿಲ್ಲ. ಗಣ್ಯರ ಸಂದೇಶಗಳಿಗೆ ಇರುತ್ತದೆ. ಮನೆಯಲ್ಲಿ ಮಿಲಿಗ್ರಾಂ ತೂಗುವ ತಕ್ಕಡಿ ಯಾರ ಬಳಿಯೂ ಇಲ್ಲವಾದ್ದರಿಂದ ಪೊಟ್ಟಣದಲ್ಲಿ ಸಿಗುವ ಪುಡಿಯೇ ವಾಸಿ ಎಂದಾದರೂ ಹೇಳಬಹುದಿತ್ತು.

ಕಡ್ಡಿಯ ತಲೆ ಯಾವುದು, ಬುಡ ಯಾವುದು ಎಂಬುದನ್ನು ಎರಡೂ ಬಗೆಯ ಬರಹಗಳು ಓದುಗನ ಜಾಣತನಕ್ಕೆ ಬಿಟ್ಟಿವೆ. ಎಲೆ ಉದುರಿದ ದಾಳಿಂಬೆಯ ಕಡ್ಡಿಯನ್ನು ಕೈಯಲ್ಲಿ ಹಿಡಿದವರಿಗೆ ಗೊತ್ತು, ಇದು ಅಷ್ಟು ಸುಲಭವಲ್ಲ. ಜರ್ಮನಿಯ ಫೋಖ್ಟಿಂಗ್ 1878ರಲ್ಲಿ ವಿಲ್ಲೋ ಕಡ್ಡಿಗಳನ್ನು ತಲೆಕೆಳಗಾಗಿ ತೂಗಿಬಿಟ್ಟು ನೋಡಿದ್ದ. ಹೇಗೆ ತೂಗಿದರೂ ಮರದಲ್ಲಿದ್ದಾಗ ಯಾವುದು ಬುಡವೋ ಅಲ್ಲೇ ಹೆಚ್ಚು ಬೇರು. ಆಕ್ಸಿನ್ ಕೋಶದಿಂದ ಕೋಶಕ್ಕೆ ಒಂದೇ ದಿಕ್ಕಿನಲ್ಲಿ ಸಾಗುವುದರಿಂದ ಹೀಗಾಗುತ್ತದೆ. ನರ್ಸರಿಯವರು ಬುಡವನ್ನು ಓರೆಯಾಗಿಯೂ ತಲೆಯನ್ನು ನೇರವಾಗಿಯೂ ಕತ್ತರಿಸುವುದರ ಮುಖ್ಯ ಲಾಭ ಇದೇ: ಗುರುತು ತಪ್ಪುವುದಿಲ್ಲ. ಓರೆಯಾಗಿ ಕತ್ತರಿಸಿದರೆ ಬೇರು ಹೆಚ್ಚು ಬರುತ್ತದೆಂಬ ವಿವರಣೆಯನ್ನು ಮಾತ್ರ ಕೊಟ್ಟು ಇದನ್ನು ಬಿಡುತ್ತಾರೆ.

ಟೀಕೆ ಮಾಡುವವನು ತಾನೂ ಒಂದು ಸೂಚನೆ ಬರೆದು ತೋರಿಸಬೇಕಾಗುತ್ತದೆ. ದಾಳಿಂಬೆಯನ್ನೇ ತೆಗೆದುಕೊಳ್ಳೋಣ. ಸುಮಾರು ಒಂದು ವರ್ಷದ, ಪೆನ್ಸಿಲಿನಷ್ಟು ದಪ್ಪದ, ಬಗ್ಗಿಸಿದರೆ ಬಾಗುವ ಬದಲು ಲಟ್ಟೆಂದು ಮುರಿಯುವಷ್ಟು ಬಲಿತ ಕಡ್ಡಿ ಬೇಕು. ಉದ್ದ ಒಂದು ಗೇಣು. ಬುಡದ ಕತ್ತರಿ ಗೆಣ್ಣಿನ ಸ್ವಲ್ಪ ಕೆಳಗೆ ಬೀಳಲಿ. ಎಲೆಗಳನ್ನೆಲ್ಲ ತೆಗೆಯಿರಿ. ಮಣ್ಣಿಗೆ ಗೊಬ್ಬರ ಬೇಡ. ಬೇರಿಲ್ಲದ ಕಡ್ಡಿ ಗೊಬ್ಬರ ಉಣ್ಣುವುದಿಲ್ಲ, ಗೊಬ್ಬರ ಉಣ್ಣುವ ಶಿಲೀಂಧ್ರ ಕಡ್ಡಿಯನ್ನು ಉಣ್ಣುತ್ತದೆ. ದಪ್ಪ ಮರಳು ಮತ್ತು ತೆಂಗಿನ ನಾರಿನ ಪುಡಿ ಸಮಪಾಲು ಸಾಕು. ಕಡ್ಡಿಯ ಮೂರರಲ್ಲಿ ಎರಡು ಪಾಲು ಒಳಗೆ, ಎರಡು ಕಣ್ಣು ಮೇಲೆ. ಸುತ್ತ ಬೆರಳಿನಿಂದ ಒತ್ತಿ, ಗಾಳಿ ನಿಲ್ಲದಂತೆ ಮಾಡಿ. ನೆರಳು ಇರಲಿ, ಕತ್ತಲೆ ಬೇಡ. ಚಿಗುರು ಬಂದಾಗ ಸಂತೋಷಪಡಿ, ಆದರೆ ಕೀಳಬೇಡಿ, ಬಿಸಿಲಿಗೂ ಇಡಬೇಡಿ. ಬೇರಿಗೆ ಒಂದೂವರೆಯಿಂದ ಎರಡು ತಿಂಗಳು ಬೇಕು. ಹತ್ತು ಕಡ್ಡಿ ನೆಟ್ಟರೆ ಹತ್ತೂ ಬರುವುದಿಲ್ಲ. ಆದ್ದರಿಂದ ಬೇಕಾದದ್ದರ ಎರಡರಷ್ಟು ನೆಡಿ. ಸೋಲಿನ ಈ ಲೆಕ್ಕವನ್ನು ಜನಪ್ರಿಯ ಬರಹಗಳು ಎಂದೂ ಕೊಡುವುದಿಲ್ಲ. ಅವುಗಳಲ್ಲಿ ಕಡ್ಡಿ ಯಾವಾಗಲೂ ಒಂದೇ ಇರುತ್ತದೆ, ಅದು ಯಾವಾಗಲೂ ಬದುಕುತ್ತದೆ.

ಸೀಬೆ, ನಿಂಬೆಯಂಥವುಗಳಿಗೆ ಮನೆಯಲ್ಲಿ ಮಾಡಲು ಗೂಟಿ ಕಟ್ಟುವುದೇ ಹೆಚ್ಚು ಭರವಸೆಯದು. ಇದು ನಮ್ಮ ಕೈತೋಟದ ಬರಹಗಳಲ್ಲಿ ಏಕೆ ಹಿಂದೆ ಸರಿಯಿತೋ ತಿಳಿಯದು. ಬಹುಶಃ ಆಲೂಗಡ್ಡೆಯಷ್ಟು ನಾಟಕೀಯವಲ್ಲ. ಮಳೆಗಾಲದ ಆರಂಭದಲ್ಲಿ ಆರೋಗ್ಯವಾದ ಟೊಂಗೆಯೊಂದರಲ್ಲಿ ಒಂದಂಗುಲ ಅಗಲದ ತೊಗಟೆಯನ್ನು ಉಂಗುರದಂತೆ ತೆಗೆದು, ಒಳಗಿನ ಜಿಗುಟು ಪದರವನ್ನು ಚಾಕುವಿನ ಬೆನ್ನಿನಿಂದ ಹೆರೆದು, ನೆನೆಸಿ ಹಿಂಡಿದ ನಾರಿನ ಪುಡಿಯನ್ನೋ ಪಾಚಿಯನ್ನೋ ಸುತ್ತಿ ಪ್ಲಾಸ್ಟಿಕ್ ಹಾಳೆಯಿಂದ ಬಿಗಿಯಬೇಕು. ಇಲ್ಲಿನ ಜಾಣ್ಮೆ ನೋಡಿ. ನೀರು ಹೋಗುವುದು ಒಳಗಿನ ಕಟ್ಟಿಗೆಯ ಭಾಗದಲ್ಲಿ. ಅದನ್ನು ನಾವು ಮುಟ್ಟಿಲ್ಲ. ಎಲೆಯಲ್ಲಿ ತಯಾರಾದ ಆಹಾರವೂ ಆಕ್ಸಿನ್ನೂ ಇಳಿಯುವುದು ಹೊರಗಿನ ಪದರಗಳಲ್ಲಿ, ಅದನ್ನು ತಡೆದಿದ್ದೇವೆ. ಎರಡೂ ಗಾಯದ ಮೇಲಂಚಿನಲ್ಲಿ ಬಂದು ತಂಗುತ್ತವೆ. ಬೇರು ಬರುವವರೆಗೂ ತಾಯಿ ನೀರು ಕೊಡುತ್ತಲೇ ಇರುತ್ತಾಳೆ. ಪಾರದರ್ಶಕ ಹಾಳೆ ಕಟ್ಟಿದರೆ ಬಿಳಿ ಬೇರು ಕಣ್ಣಿಗೇ ಕಾಣುತ್ತದೆ, ಊಹಿಸಬೇಕಾಗಿಲ್ಲ. ಬೇರು ಬಾರದಿದ್ದರೆ ಹೋಗುವುದು ಒಂದು ಟೊಂಗೆ ಮಾತ್ರ.

ಕೆಲವು ಕಡೆ ಕಡ್ಡಿಯೂ ಬೇಡ, ಗೂಟಿಯೂ ಬೇಡ. ಕರಾವಳಿಯ ಒಳೂರು, ಬಪ್ಪಕಾಯಿ, ಚಂದ್ರಕಾರನ್ ಮುಂತಾದ ಮಾವಿನ ತಳಿಗಳ ಒಂದು ಗೊರಟಿನಿಂದ ಹಲವು ಮೊಳಕೆಗಳೇಳುತ್ತವೆ. ಅವುಗಳಲ್ಲಿ ಹೆಚ್ಚಿನವು ಪರಾಗಸ್ಪರ್ಶದಿಂದಲ್ಲ, ತಾಯಿಯ ಅಂಗಾಂಶದಿಂದಲೇ ಹುಟ್ಟಿದವು. ಗುಣದಲ್ಲಿ ತಾಯಿಯ ಪಡಿಯಚ್ಚು. ಕಾಗಜಿ ನಿಂಬೆಯಲ್ಲೂ ಹೀಗೆಯೇ. ಇಂಡಿಯ ನಿಂಬೆ ಬೆಳೆಗಾರರು ಬೀಜದ ಸಸಿಯನ್ನೇ ನಂಬಿಕೊಂಡಿರುವುದಕ್ಕೆ ಆಧಾರವಿದೆ. ಬಾದಾಮಿ, ರಸಪುರಿ, ತೋತಾಪುರಿಗಳದು ಹಾಗಲ್ಲ. ಒಂದು ಗೊರಟಿಗೆ ಒಂದೇ ಭ್ರೂಣ, ಅದೂ ಬೆರಕೆ. ‘ಬೀಜದ ಗಿಡ ತಾಯಿಯಂತಿರುವುದಿಲ್ಲ’ ಎಂದು ಸಾರಾಸಗಟು ಬರೆಯುವ ಮುನ್ನ ಯಾವ ತಳಿ ಎಂದು ಕೇಳಬೇಕು.

ಈ ಬರಹಗಳಲ್ಲಿ ಪೂರ್ತಿ ಮೌನವಾಗಿರುವ ವಿಷಯವೊಂದಿದೆ, ಅದು ರೋಗ. ‘ನೆರೆಮನೆಯ ಒಳ್ಳೆಯ ಗಿಡದಿಂದ ಒಂದು ಕಡ್ಡಿ ತನ್ನಿ’ ಎಂಬಲ್ಲಿ ಒಳ್ಳೆಯ ಗಿಡವೆಂದರೆ ಹಣ್ಣು ಒಳ್ಳೆಯದು ಎಂದಷ್ಟೇ ಅರ್ಥ. ಕಡ್ಡಿಯ ಜೊತೆ ಅದರೊಳಗಿನ ಅತಿಥಿಗಳೂ ಬರುತ್ತಾರೆ. 2000ರ ದಶಕದಲ್ಲಿ ಕೊಪ್ಪಳ, ಬಾಗಲಕೋಟೆ, ವಿಜಯಪುರದ ದಾಳಿಂಬೆ ತೋಟಗಳನ್ನು ದುಂಡಾಣು ಅಂಗಮಾರಿ ರೋಗ ಹೇಗೆ ನೆಲಕಚ್ಚಿಸಿತೆಂದು ಅಲ್ಲಿನವರು ಮರೆತಿಲ್ಲ. ಗಾಳಿಮಳೆ, ಕತ್ತರಿಗಳ ಜೊತೆಗೆ ಸೋಂಕು ತಗುಲಿದ ಸಸಿಗಳೂ ಅದರ ವಾಹಕ. ನಂಜನಗೂಡು ರಸಬಾಳೆ ಅಪರೂಪವಾದದ್ದಕ್ಕೆ ಪನಾಮ ಸೊರಗು ರೋಗ ದೊಡ್ಡ ಕಾರಣ. ಅದು ತೋಟದಿಂದ ತೋಟಕ್ಕೆ ಹೋಗುವ ದಾರಿಗಳಲ್ಲಿ ಕಂದುಗಳೂ ಒಂದು. 1860ರ ದಶಕದಲ್ಲಿ ಅಮೆರಿಕದಿಂದ ಫ್ರಾನ್ಸಿಗೆ ತಂದ ದ್ರಾಕ್ಷಿ ಬಳ್ಳಿಗಳ ಬೇರಿನೊಂದಿಗೆ ಹೋದ ಫಿಲೋಕ್ಸೆರಾ ಎಂಬ ಸಣ್ಣ ಕೀಟ ಅಲ್ಲಿನ ದ್ರಾಕ್ಷಿ ತೋಟಗಳನ್ನೇ ನಾಶಮಾಡಿತು. ಕೊನೆಗೆ ಕೀಟವನ್ನು ತಾಳಿಕೊಳ್ಳುವ ಅಮೆರಿಕದ ಬೇರುಗಿಡಗಳ ಮೇಲೆಯೇ ಯೂರೋಪಿನ ದ್ರಾಕ್ಷಿಯನ್ನು ಕಸಿ ಕಟ್ಟಬೇಕಾಯಿತು. ಬೇರು ಬರಿಸಲು ದ್ರಾಕ್ಷಿಯಷ್ಟು ಸುಲಭದ ಹಣ್ಣಿನ ಗಿಡ ಇನ್ನೊಂದಿಲ್ಲ. ಆದರೂ ಇಂದು ವಿಜಯಪುರದ ರೈತ ನೇರವಾಗಿ ಥಾಂಪ್ಸನ್ ಕಡ್ಡಿ ನೆಡುವುದು ವಿರಳ. ಉಪ್ಪು ನೀರು ಮತ್ತು ಬರ ತಾಳುವ ಡಾಗ್‌ರಿಡ್ಜ್ ಗಿಡ ನೆಟ್ಟು, ಅದರ ಮೇಲೆ ಕಸಿ ಕಟ್ಟುತ್ತಾನೆ. ಬೇರು ಬರುವುದು ಬೇರೆ, ಆ ನೆಲದಲ್ಲಿ ಆ ಬೇರು ಬಾಳುವುದು ಬೇರೆ. ಸ್ವಂತ ಬೇರಿನ ಗಿಡವೇ ಶ್ರೇಷ್ಠ ಎಂದು ಸಾರುವ ಬರಹಗಳಿಗೆ ಇದು ಹೊಳೆದಂತಿಲ್ಲ.

ಒಳ್ಳೆಯ ಮಾದರಿಗಳು ನಮ್ಮಲ್ಲಿ ಇಲ್ಲವೆಂದಲ್ಲ. ಬಿ.ಜಿ.ಎಲ್. ಸ್ವಾಮಿಯವರ ‘ಹಸುರು ಹೊನ್ನು’ ಓದಿದವರಿಗೆ ಗೊತ್ತು, ಒಂದು ಗಿಡವನ್ನು ಅದರ ಜಾಗ, ಹೆಸರು, ಬಳಕೆಗಳೊಂದಿಗೆ ಪರಿಚಯಿಸುವುದೆಂದರೆ ಏನೆಂದು. ಅದರಲ್ಲಿ ನಗುವೂ ಇದೆ, ನಿಖರತೆಯೂ ಇದೆ. ಪುತ್ತೂರಿನ ‘ಅಡಿಕೆ ಪತ್ರಿಕೆ’ ಕೃಷಿಕರ ಕೈಗೇ ಲೇಖನಿ ಕೊಟ್ಟಾಗ ಬಂದ ಬರಹಗಳಲ್ಲಿ ಎಷ್ಟು ನೆಟ್ಟೆ, ಎಷ್ಟು ಸತ್ತಿತು ಎಂಬ ಲೆಕ್ಕ ತಾನಾಗಿ ಬಂತು, ಏಕೆಂದರೆ ಬರೆಯುವವನ ದುಡ್ಡು ಅದರಲ್ಲಿತ್ತು. ಕೈತೋಟದ ಅಂಕಣ ಬರೆಯುವವರು ಇವೆರಡರಿಂದ ಕಲಿತಂತೆ ಕಾಣುವುದಿಲ್ಲ. ಸಂಪಾದಕರು ಒಂದು ಕೆಲಸ ಮಾಡಬಹುದು. ಕಡ್ಡಿಯಿಂದ ಗಿಡ ಮಾಡಿದ ಲೇಖನ ಬಂದರೆ ಚಿಗುರಿನ ಚಿತ್ರವನ್ನು ತಿರುಗಿ ಕಳುಹಿಸಿ, ಮಣ್ಣು ತೊಳೆದ ಬೇರಿನ ಚಿತ್ರ ಕೇಳಲಿ. ಜೊತೆಗೆ ನೆಟ್ಟ ತಾರೀಖು, ಅಗೆದ ತಾರೀಖು, ಒಟ್ಟು ಕಡ್ಡಿಗಳ ಸಂಖ್ಯೆ. ಅರ್ಧಕ್ಕರ್ಧ ಲೇಖನಗಳು ಬರುವುದು ನಿಲ್ಲಬಹುದು. ಪುಟ ತುಂಬಲು ಬೇರೆ ವಿಷಯಗಳಿವೆ.

ಅಪ್ಪೆಮಿಡಿಯ ಸಂಗತಿ ಹೇಳಿ ಮುಗಿಸುತ್ತೇನೆ. ಬಿದ್ದ ಮರದ ಕಡ್ಡಿ ಕಸಿಗೆ ಯೋಗ್ಯವಾಗಿ ಉಳಿಯುವುದು ಕೆಲವೇ ದಿನ. ಒದ್ದೆ ಬಟ್ಟೆಯಲ್ಲೋ ಪಾಚಿಯಲ್ಲೋ ಸುತ್ತಿಟ್ಟರೆ ಒಂದು ವಾರ ತಳ್ಳಬಹುದು. ಜುಲೈ ತಿಂಗಳು ಮಲೆನಾಡಿನಲ್ಲಿ ಕಸಿ ಕಟ್ಟುವ ಕಾಲವೇ. ತಿಪ್ಪೆಯ ಬದಿಯಲ್ಲಿ ತಾನಾಗಿ ಹುಟ್ಟಿದ ಯಾವ ಮಾವಿನ ಸಸಿಯಾದರೂ ಸಾಕಿತ್ತು. ಒಂಬತ್ತು ಚಿಗುರುಗಳ ಚಿತ್ರ ಕಳುಹಿಸಿದ್ದ ಪರಿಚಿತರು ಸೆಪ್ಟೆಂಬರಿನಲ್ಲಿ ಫೋನ್ ಮಾಡಿ, ಎಲ್ಲ ಕಡ್ಡಿಗಳೂ ಒಣಗಿದವೆಂದೂ ಆಗ ಮತ್ತೆ ಕಡ್ಡಿ ತೆಗೆಯಲು ಹೋದರೆ ಮರವನ್ನು ಸೌದೆಗೆ ಕಡಿದಾಗಿತ್ತೆಂದೂ ಹೇಳಿದರು. ಪಕ್ಕದ ಮನೆಯವರು ಒಯ್ದ ಆರು ಕಡ್ಡಿಗಳನ್ನು ಹಿತ್ತಿಲಿನ ಕಾಟುಮಾವಿನ ಸಸಿಗಳಿಗೆ ಕಸಿ ಕಟ್ಟಿದ್ದರು. ನಾಲ್ಕು ಸತ್ತವು. ಎರಡು ಹಿಡಿದಿವೆ, ಒಂದು ಮೊಣಕಾಲೆತ್ತರ ಬಂದಿದೆ. ಎಲೆ ಕಿವುಚಿ ಮೂಸಿದರೆ ಅದೇ ಜೀರಿಗೆಯ ಘಮ.